ರಿಜಿಸ್ಟರ್ ಮದುವೆಗೊಂದು ಬರಹ, ಆರತಕ್ಷತೆಗೊಂದು ಬರಹ: ನಿಮ್ಮದೇ ಪ್ರತಿಜ್ಞೆ ಬರೆಯುವ ಸಮಗ್ರ ಮಾರ್ಗದರ್ಶಿ

ಇಬ್ಬರೂ ಸಬ್ ರಿಜಿಸ್ಟ್ರಾರ್ ಕಚೇರಿಗೆ ಹೋಗಿ, ಮೂವರು ಸ್ನೇಹಿತರ ಸಾಕ್ಷಿಯಲ್ಲಿ ಮದುವೆಯಾಗಿ, ಆಮೇಲೆ ಯಾವಾಗಲೋ ನೆಂಟರಿಷ್ಟರನ್ನೆಲ್ಲ ಕರೆದು ಆರತಕ್ಷತೆ ಮಾಡುವವರು ಈಗ ನಮ್ಮ ಸುತ್ತಮುತ್ತಲೇ ಬೇಕಾದಷ್ಟು ಮಂದಿ ಇದ್ದಾರೆ. ಕೆಲವರಿಗೆ ಅಬ್ಬರದ ಮದುವೆ ಬೇಡ. ಕೆಲವರ ಮನೆಯಲ್ಲಿ ಜಾತಿಯೋ ಧರ್ಮವೋ ಅಡ್ಡ ಬಂದಿರುತ್ತದೆ. ಇನ್ನು ಕೆಲವರಿಗೆ ವೀಸಾದ ಅವಸರ. ಕಾರಣ ಯಾವುದಾದರೂ ಆಗಲಿ, ಇಂಥ ಮದುವೆಯಲ್ಲಿ ಒಂದು ಕೊರತೆ ಉಳಿದುಬಿಡುತ್ತದೆ. ಪುರೋಹಿತರು ಇರುವುದಿಲ್ಲ, ಮಂತ್ರ ಇರುವುದಿಲ್ಲ, ಧಾರೆ ಇರುವುದಿಲ್ಲ. ಗುಮಾಸ್ತರು ತೋರಿಸಿದ ಕಡೆ ಸಹಿ ಹಾಕಿ ಹೊರಗೆ ಬಂದರೆ, ಮದುವೆ ಆಯಿತು ಎನ್ನುವುದು ಮನಸ್ಸಿಗೆ ನಾಟುವುದೇ ಇಲ್ಲ. ಆ ಜಾಗ ತುಂಬಬೇಕಾದದ್ದು ನೀವಿಬ್ಬರೂ ಒಬ್ಬರಿಗೊಬ್ಬರು ಕೊಡುವ ಮಾತು.

ಬರೆಯಲು ಕೂರುವವರಿಗೆ ನಾನು ಮೊದಲು ಹೇಳುವುದು ಇಷ್ಟು: ಎರಡು ದಿನಕ್ಕೆ ಎರಡು ಬರಹ ಬೇಕು. ಮೊದಲ ದಿನದ್ದನ್ನೇ ಆರತಕ್ಷತೆಯ ವೇದಿಕೆಯಲ್ಲಿ ಓದಿದರೆ ಅದು ನಾಟಕದಂತೆ ಕೇಳುತ್ತದೆ. ಆರತಕ್ಷತೆಗೆಂದು ಬರೆದದ್ದನ್ನು ಮೊದಲ ದಿನ ಓದಿದರೆ ಭಾಷಣದಂತೆ ಕೇಳುತ್ತದೆ. ಮೊದಲನೆಯದು ಒಬ್ಬರಿಗೊಬ್ಬರು ಮಾತು ಕೊಡುವ ಹೊತ್ತು. ಎರಡನೆಯದು, ಆಗಲೇ ಕೊಟ್ಟ ಮಾತಿಗೆ ನಮ್ಮವರನ್ನೂ ಸೇರಿಸಿಕೊಳ್ಳುವ ಹೊತ್ತು.

ಬರೆಯುವ ಮೊದಲು: ನಿಮ್ಮ ಮದುವೆ ಆಗುವುದು ಯಾವ ದಿನ?

ಇದು ಕಾನೂನಿನ ಪ್ರಶ್ನೆ, ಬರಹದ ಪ್ರಶ್ನೆಯೂ ಹೌದು. 1954ರ ವಿಶೇಷ ವಿವಾಹ ಕಾಯ್ದೆಯಡಿ ಮದುವೆಯಾಗುವವರು ಮೊದಲು ವಿವಾಹಾಧಿಕಾರಿಗೆ, ಅಂದರೆ ಆ ಮದುವೆ ನಡೆಸಿಕೊಡುವ ಸರ್ಕಾರಿ ಅಧಿಕಾರಿಗೆ, ನೋಟಿಸ್ ಕೊಡಬೇಕು. ಇಬ್ಬರಲ್ಲಿ ಒಬ್ಬರಾದರೂ ಆ ಜಿಲ್ಲೆಯಲ್ಲಿ ಕನಿಷ್ಠ 30 ದಿನ ವಾಸವಿದ್ದಿರಬೇಕು. ನೋಟಿಸನ್ನು ಕಚೇರಿಯಲ್ಲಿ ಎಲ್ಲರಿಗೂ ಕಾಣುವಂತೆ ಹಾಕುತ್ತಾರೆ, ಆಕ್ಷೇಪಣೆಗೆ 30 ದಿನದ ಅವಕಾಶ ಇರುತ್ತದೆ. ನೋಟಿಸ್ ಕೊಟ್ಟ ಮೂರು ತಿಂಗಳೊಳಗೆ ಮದುವೆ ನಡೆಯದಿದ್ದರೆ ಮತ್ತೆ ಮೊದಲಿಂದ ಶುರು ಮಾಡಬೇಕು. ಬರೆಯುವವರಿಗೆ ಈ 30 ದಿನ ಸಿಕ್ಕ ವರ ಎಂದೇ ನಾನು ಭಾವಿಸುತ್ತೇನೆ. ನೋಟಿಸ್ ಕೊಟ್ಟ ಸಂಜೆಯೇ ಒಂದು ನೋಟ್‌ಬುಕ್ ಕೊಂಡುಕೊಳ್ಳಿ.

ಈ ಕಾಯ್ದೆಯ 12ನೇ ಸೆಕ್ಷನ್‌ನಲ್ಲಿ ಒಂದು ಪ್ರತಿಜ್ಞೆ ಆಗಲೇ ಇದೆ ಎನ್ನುವುದು ಹೆಚ್ಚಿನವರಿಗೆ ಗೊತ್ತಿಲ್ಲ. ಮದುವೆಯನ್ನು ನಿಮಗೆ ಇಷ್ಟವಾದ ಯಾವ ರೀತಿಯಲ್ಲಿ ಬೇಕಾದರೂ ಮಾಡಿಕೊಳ್ಳಬಹುದು. ಆದರೆ ವಿವಾಹಾಧಿಕಾರಿ ಮತ್ತು ಮೂವರು ಸಾಕ್ಷಿಗಳ ಎದುರು, ಇಬ್ಬರಿಗೂ ಅರ್ಥವಾಗುವ ಭಾಷೆಯಲ್ಲಿ, ‘ನಾನು ನಿಮ್ಮನ್ನು ನನ್ನ ಕಾನೂನುಬದ್ಧ ಪತ್ನಿಯಾಗಿ (ಅಥವಾ ಪತಿಯಾಗಿ) ಸ್ವೀಕರಿಸುತ್ತೇನೆ’ ಎಂದು ಹೆಸರು ಹಿಡಿದು ಒಬ್ಬರಿಗೊಬ್ಬರು ಹೇಳಲೇಬೇಕು. ಆ ಮಾತು ಆಡದೆ ಮದುವೆ ಪೂರ್ಣವಾಗುವುದಿಲ್ಲ. ಕಚೇರಿಯ ಗಡಿಬಿಡಿಯಲ್ಲಿ ಇದನ್ನು ಸಹಿಯ ನಡುವೆ ಗುನುಗಿ ಮುಗಿಸಿಬಿಡುತ್ತಾರೆ. ನೀವು ಹಾಗೆ ಮಾಡಬೇಡಿ. ನಿಮ್ಮ ಬರಹ ಈ ಒಂದು ವಾಕ್ಯದ ಕಡೆಗೆ ಸಾಗಿ ಅಲ್ಲೇ ಮುಗಿಯಲಿ.

ದೇವಸ್ಥಾನದಲ್ಲಿ ಹತ್ತು ಜನರ ಮುಂದೆ ತಾಳಿ ಕಟ್ಟಿ, ಆಮೇಲೆ ನೋಂದಣಿ ಮಾಡಿಸುವವರ ಲೆಕ್ಕ ಬೇರೆ. 1955ರ ಹಿಂದೂ ವಿವಾಹ ಕಾಯ್ದೆಯಲ್ಲಿ ಮದುವೆ ಆಗುವುದು ಶಾಸ್ತ್ರದಿಂದ, ಸಪ್ತಪದಿಯ ಸಂಪ್ರದಾಯ ಇರುವವರಿಗೆ ಏಳನೇ ಹೆಜ್ಜೆಯಿಂದ. ಶಾಸ್ತ್ರವನ್ನೇ ಮಾಡದೆ ಬರೀ ಸರ್ಟಿಫಿಕೇಟ್ ಪಡೆದರೆ ಅದು ಹಿಂದೂ ವಿವಾಹವಾಗದು ಎಂದು ಸುಪ್ರೀಂ ಕೋರ್ಟ್ 2024ರಲ್ಲಿ ಸ್ಪಷ್ಟವಾಗಿ ಹೇಳಿದೆ. ಹಾಗಾಗಿ ನಿಮ್ಮ ಬರಹ ಕುಳಿತುಕೊಳ್ಳಬೇಕಾದ ಜಾಗ ದೇವಸ್ಥಾನ, ರಿಜಿಸ್ಟ್ರಾರ್ ಕಚೇರಿಯಲ್ಲ. ಸಪ್ತಪದಿ ಮುಗಿದ ಕೂಡಲೇ ಎರಡು ನಿಮಿಷ ಬೇಕು ಎಂದು ಪುರೋಹಿತರಿಗೆ ಹಿಂದಿನ ದಿನವೇ ಹೇಳಿಡಿ. ಮುಹೂರ್ತದ ಒತ್ತಡದಲ್ಲಿ ಅಲ್ಲೇ ಕೇಳಿದರೆ ಯಾರೂ ಒಪ್ಪುವುದಿಲ್ಲ.

ಒಂದು ಗಂಭೀರ ಮಾತು ಇಲ್ಲೇ ಹೇಳಬೇಕು. ಮನೆಯವರಿಂದ ಜೀವಭಯ ಇರುವವರು ನೋಟಿಸ್ ಬೋರ್ಡಿನ ವಿಷಯವನ್ನು ಹಗುರವಾಗಿ ತೆಗೆದುಕೊಳ್ಳಬೇಡಿ. ಇಂಥ ಜೋಡಿಗಳಿಗೆ ಪೊಲೀಸ್ ರಕ್ಷಣೆ, ಸುರಕ್ಷಿತ ವಸತಿ ಕೊಡಬೇಕೆಂದು 2018ರಲ್ಲಿ ಸುಪ್ರೀಂ ಕೋರ್ಟ್ ನಿರ್ದೇಶನ ನೀಡಿದೆ. ಮೊದಲು ವಕೀಲರನ್ನು ಕಾಣಿ. ಪ್ರತಿಜ್ಞೆ ಕಾಯುತ್ತದೆ.

ನಮ್ಮಲ್ಲೇ ಇರುವ ಮಾದರಿಗಳು

ಸ್ವಂತ ಮಾತಿನಲ್ಲಿ ಮದುವೆಯ ಪ್ರತಿಜ್ಞೆ ಮಾಡುವುದು ಹೊರಗಿನಿಂದ ಬಂದ ಪದ್ಧತಿ ಎಂದು ಹಿಂಜರಿಯುವವರಿದ್ದಾರೆ. ಕುವೆಂಪು ರೂಪಿಸಿದ ಮಂತ್ರ ಮಾಂಗಲ್ಯ ನಮ್ಮ ನೆಲದ್ದೇ. 1966ರಲ್ಲಿ ಕುಪ್ಪಳಿಯಲ್ಲಿ ಪೂರ್ಣಚಂದ್ರ ತೇಜಸ್ವಿ ಮತ್ತು ರಾಜೇಶ್ವರಿ ಅವರ ಮದುವೆ ನಡೆದದ್ದು ಆ ಕ್ರಮದಲ್ಲಿ. ಜಾತಕ, ವರದಕ್ಷಿಣೆ, ಆಡಂಬರ ಯಾವುದೂ ಇಲ್ಲದೆ, ಗಂಡು ಹೆಣ್ಣು ಸಮಾನರು ಎಂಬ ಸಂಕಲ್ಪವನ್ನು ಅರ್ಥವಾಗುವ ಕನ್ನಡದಲ್ಲಿ ಸ್ವೀಕರಿಸುವುದು ಅದರ ತಿರುಳು. ಇಂದಿಗೂ ಅದನ್ನು ಅನುಸರಿಸುವವರು ರಾಜ್ಯದ ಉದ್ದಗಲಕ್ಕೆ ಇದ್ದಾರೆ. ವಚನಗಳನ್ನು ಹೇಳಿ ಮದುವೆಯಾಗುವ ಪದ್ಧತಿ ಲಿಂಗಾಯತರಲ್ಲಿದೆ. ಪಕ್ಕದ ತಮಿಳುನಾಡಿನಲ್ಲಿ ಪುರೋಹಿತರಿಲ್ಲದೆ ನಡೆಯುವ ಸ್ವಾಭಿಮಾನ ವಿವಾಹಕ್ಕೆ ಕಾನೂನಿನ ಮಾನ್ಯತೆಯೇ ಸಿಕ್ಕಿದೆ. ಕರ್ನಾಟಕದಲ್ಲಿ ಅಂಥ ತಿದ್ದುಪಡಿ ಆಗಿಲ್ಲ, ಆದ್ದರಿಂದ ಮಂತ್ರ ಮಾಂಗಲ್ಯ ಮಾಡಿಕೊಳ್ಳುವವರು ವಿಶೇಷ ವಿವಾಹ ಕಾಯ್ದೆಯ ಮದುವೆಯನ್ನೂ ಮಾಡಿಕೊಳ್ಳುವುದು ಕ್ಷೇಮ.

ಸಪ್ತಪದಿಯನ್ನೂ ಒಮ್ಮೆ ಅರ್ಥ ಮಾಡಿಕೊಂಡು ಓದಿ. ಅನ್ನ, ಬಲ, ಸಂಪತ್ತು, ಸುಖ, ಸಂತಾನ, ಋತುಗಳು, ಕೊನೆಗೆ ಸಖ್ಯ. ಎಷ್ಟು ವ್ಯಾವಹಾರಿಕವಾಗಿದೆ ನೋಡಿ. ಮೊದಲ ಹೆಜ್ಜೆಯೇ ಊಟದ್ದು. ಸ್ನೇಹ ಬರುವುದು ಏಳನೆಯದಾಗಿ. ಬರೆಯುವಾಗ ಇದೇ ಧೈರ್ಯ ನಿಮಗೂ ಬೇಕು, ಅಂದರೆ ಮನೆ ನಡೆಸುವ ವಿಷಯಗಳನ್ನು ಪ್ರತಿಜ್ಞೆಯೊಳಗೆ ತರುವ ಧೈರ್ಯ.

ಮೊದಲ ಹೆಜ್ಜೆ: ಬರೆಯಬೇಡಿ, ಮಾತಾಡಿ

ಹೆಚ್ಚಿನವರು ಎಡವುವುದು ಇಲ್ಲೇ. ಖಾಲಿ ಹಾಳೆ ಮುಂದಿಟ್ಟುಕೊಂಡು ‘ನಿನ್ನ ಕಣ್ಣಲ್ಲಿ ನನ್ನ ಜಗತ್ತು’ ಎಂಬಂಥದ್ದನ್ನು ಬರೆಯುತ್ತಾರೆ. ಅದು ಯಾರು ಯಾರಿಗೆ ಬೇಕಾದರೂ ಹೇಳಬಹುದಾದ ಮಾತು. ಅದರ ಬದಲು ಒಂದು ಸಂಜೆ ಇಬ್ಬರೂ ಫೋನ್ ಬದಿಗಿಟ್ಟು ಕೂತು, ಮುಂದಿನ ಬದುಕಿನಲ್ಲಿ ಖಂಡಿತ ಎದುರಾಗುವ ವಿಷಯಗಳನ್ನು ಎತ್ತಿಕೊಳ್ಳಿ.

ದುಡ್ಡು ಮೊದಲು. ಯಾರ ಸಾಲ ಎಷ್ಟಿದೆ, ಊರಿಗೆ ಪ್ರತಿ ತಿಂಗಳು ಯಾರು ಎಷ್ಟು ಕಳಿಸುತ್ತಾರೆ, ಮದುವೆಯ ನಂತರವೂ ಕಳಿಸುತ್ತಾರೆಯೇ? ಆಮೇಲೆ ಅಡುಗೆಮನೆ. ಜಾತಿ ಬೇರೆಯಾದವರ ಮನೆಯಲ್ಲಿ ಮಾಂಸ ಬೇಯಿಸುವ ಪ್ರಶ್ನೆ ಬಂದೇ ಬರುತ್ತದೆ. ಅದೇ ಒಲೆಯೇ, ಅದೇ ಪಾತ್ರೆಯೇ, ಅತ್ತೆ ಬಂದಾಗ ಏನು? ಹಬ್ಬಗಳು: ಗೌರಿ ಹಬ್ಬಕ್ಕೆ ಯಾರ ಮನೆ, ರಂಜಾನಿಗೆ, ಕ್ರಿಸ್‌ಮಸ್ಸಿಗೆ ಯಾರ ಮನೆ? ಮಕ್ಕಳು ಬೇಕೇ, ಬೇಕಾದರೆ ಯಾವಾಗ, ಹೆಸರಿನ ಮುಂದೆ ಏನು ಬರೆಸುವುದು? ಕೆಲಸ ಬೇರೆ ಊರಿಗೆ ಕರೆದರೆ ಯಾರದ್ದು ಬಿಡುವುದು? ಅಪ್ಪ ಅಮ್ಮನಿಗೆ ವಯಸ್ಸಾದಾಗ ಅವರು ಎಲ್ಲಿರುತ್ತಾರೆ? ಜಗಳವಾದಾಗ ಯಾರು ಮಾತು ಬಿಡುತ್ತಾರೆ, ಯಾರು ದನಿ ಏರಿಸುತ್ತಾರೆ?

ಈ ಮಾತುಕತೆಯಲ್ಲಿ ಬಂದ ಉತ್ತರಗಳನ್ನೆಲ್ಲ ಪ್ರತಿಜ್ಞೆಯಲ್ಲಿ ಹಾಕಬೇಕಾಗಿಲ್ಲ. ಆದರೆ ಒಬ್ಬರು ಉತ್ತರ ಹೇಳಿದಾಗ ಇನ್ನೊಬ್ಬರ ಮುಖ ಸಡಿಲವಾದ ಕ್ಷಣ ಒಂದೆರಡಾದರೂ ಇರುತ್ತವೆ. ಅವನ್ನು ಗುರುತು ಹಾಕಿಕೊಳ್ಳಿ. ಪ್ರತಿಜ್ಞೆಯ ಬೀಜ ಅಲ್ಲಿದೆ. ಒಂದು ವಿಷಯಕ್ಕೆ ಇಬ್ಬರ ನಡುವೆ ಒಪ್ಪಿಗೆಯೇ ಆಗಲಿಲ್ಲ ಎಂದರೆ ಅದನ್ನು ಚಂದದ ಮಾತಿನಿಂದ ಮುಚ್ಚಬೇಡಿ. ಇನ್ನೂ ಮಾತಾಡಿ, ಬೇಕಾದರೆ ದಿನಾಂಕ ಮುಂದೆ ಹಾಕಿ.

ಎರಡನೇ ಹೆಜ್ಜೆ: ಇಬ್ಬರಿಗೂ ಒಂದೇ ಅಳತೆ

ಬೇರೆ ಬೇರೆ ಕೂತು ಬರೆಯುವುದು ಒಳ್ಳೆಯದು, ಆದರೆ ನಾಲ್ಕು ಸಂಗತಿಗಳನ್ನು ಮೊದಲೇ ಒಪ್ಪಿಕೊಳ್ಳಿ. ಉದ್ದ ಎಷ್ಟು, ಭಾಷೆ ಯಾವುದು, ‘ನೀನು’ ಎನ್ನುವುದೋ ‘ನೀವು’ ಎನ್ನುವುದೋ, ದೇವರ ಹೆಸರು ಬರಬಹುದೋ ಬೇಡವೋ. ಒಬ್ಬರು ಮೂರು ಪುಟ ಓದಿ ಇನ್ನೊಬ್ಬರು ಮೂರು ಸಾಲು ಓದಿದರೆ ಕಡಿಮೆ ಬರೆದವರ ಪ್ರೀತಿ ಕಡಿಮೆ ಎನ್ನುವಂತೆ ಕಾಣುತ್ತದೆ.

ಸರ್ವನಾಮದ ವಿಷಯದಲ್ಲಿ ನನ್ನ ಅಭಿಪ್ರಾಯ ಗಟ್ಟಿ. ಅವನು ‘ನೀನು’ ಎಂದು, ಅವಳು ‘ನೀವು’ ಎಂದು ಓದುವುದು ಬೇಡ. ಇಬ್ಬರೂ ಸಮ ಎಂದು ಹೇಳಲು ಹೊರಟ ಮಾತು ಆ ಎರಡಕ್ಷರದಲ್ಲೇ ಬಿದ್ದುಹೋಗುತ್ತದೆ. ಮನೆಯಲ್ಲಿ ಇಬ್ಬರೂ ‘ನೀನು’ ಎನ್ನುವುದಾದರೆ ಮೊದಲ ದಿನ ಇಬ್ಬರೂ ಹಾಗೇ ಅನ್ನಿ. ಆರತಕ್ಷತೆಯಲ್ಲಿ ಹಿರಿಯರ ಮುಂದೆ ಮುಜುಗರ ಅನಿಸಿದರೆ ಇಬ್ಬರೂ ‘ಇವರು’ ಎಂದು ಸಭೆಯ ಕಡೆ ತಿರುಗಿ ಮಾತಾಡಬಹುದು. ಅದು ಸಹಜವಾಗಿಯೂ ಇರುತ್ತದೆ.

ಭಾಷೆಯ ಬಗ್ಗೆಯೂ ಅಷ್ಟೇ. ಧಾರವಾಡದವರು ಧಾರವಾಡದ ಕನ್ನಡದಲ್ಲೇ ಬರೆಯಿರಿ, ಕುಂದಾಪುರದವರು ಕುಂದಾಪುರದ್ದರಲ್ಲೇ. ‘ಪ್ರಮಾಣೀಕರಿಸುತ್ತೇನೆ’, ‘ಸಹಧರ್ಮಿಣಿ’ ಮುಂತಾದವು ಆಮಂತ್ರಣ ಪತ್ರಿಕೆಯಿಂದ ಎದ್ದು ಬಂದ ಪದಗಳು. ನೀವು ಊಟಕ್ಕೆ ಕರೆಯುವ ಭಾಷೆ ಯಾವುದೋ ಅದರಲ್ಲೇ ಮಾತು ಕೊಡಿ. ಒಬ್ಬರ ಮನೆಮಾತು ತುಳು, ಕೊಂಕಣಿ, ಉರ್ದು, ತಮಿಳು ಆಗಿದ್ದರೆ, ಇಡೀ ಬರಹವನ್ನು ಎರಡೂ ಭಾಷೆಯಲ್ಲಿ ಓದುವ ಅಗತ್ಯ ಇಲ್ಲ. ಸಂಗಾತಿಯ ಮನೆಮಾತಿನಲ್ಲಿ ಒಂದೇ ಒಂದು ವಾಕ್ಯ ಬಾಯಿಪಾಠ ಮಾಡಿ, ಉಚ್ಚಾರ ಸರಿಮಾಡಿಕೊಂಡು, ಕಾಗದ ನೋಡದೆ ಹೇಳಿ.

ಮೂರನೇ ಹೆಜ್ಜೆ: ಕರಡು, ಆಮೇಲೆ ಕತ್ತರಿ

ಮೊದಲ ಕರಡನ್ನು ಒಂದೇ ಸಲ ಕೂತು, ನಿಲ್ಲಿಸದೆ ಬರೆಯಿರಿ. ಆಮೇಲೆ ಪ್ರತಿ ವಾಕ್ಯದ ಮುಂದೆ ಒಂದು ಪ್ರಶ್ನೆ ಇಡಿ: ಇದನ್ನು ನಾನು ಪಾಲಿಸಿದ್ದೇನೋ ಇಲ್ಲವೋ ಎನ್ನುವುದು ಹತ್ತು ವರ್ಷದ ನಂತರ ಗೊತ್ತಾಗುತ್ತದೆಯೇ? ‘ನಿನ್ನನ್ನು ಸದಾ ಸಂತೋಷವಾಗಿಡುತ್ತೇನೆ’ ಎನ್ನುವುದಕ್ಕೆ ಆ ಗುಣ ಇಲ್ಲ. ಇನ್ನೊಬ್ಬರ ಸಂತೋಷ ನಿಮ್ಮ ಕೈಯಲ್ಲೂ ಇಲ್ಲ. ಅದನ್ನು ಹೀಗೆ ಬಗೆದು ನೋಡಿ. ಸಂತೋಷ ಎಂದರೆ ಆ ವ್ಯಕ್ತಿಗೆ ಏನು? ಸಂಜೆ ಆರಕ್ಕೆ ಸಂಗೀತದ ತರಗತಿಗೆ ಹೋಗುವುದು. ಅದಕ್ಕೆ ಅಡ್ಡಿ ಏನು? ಮಗು, ಅಡುಗೆ, ಬಸ್ಸು. ಹಾಗಾದರೆ ನೀವು ಕೊಡಬಹುದಾದ ಮಾತು: ‘ನಿನ್ನ ಸಂಗೀತದ ತರಗತಿ ನಿಲ್ಲಲು ಬಿಡುವುದಿಲ್ಲ. ಆ ಹೊತ್ತಿನ ಮನೆ ನನ್ನದು.’ ಎರಡು ಸಣ್ಣ ವಾಕ್ಯ, ಆದರೆ ಹೇಳಿದವರು ಪ್ರತಿ ವಾರ ಅದಕ್ಕೆ ಉತ್ತರ ಕೊಡಬೇಕಾಗುತ್ತದೆ.

‘ಯಾವತ್ತೂ ಜಗಳ ಆಡುವುದಿಲ್ಲ’ ಎನ್ನುವುದನ್ನು ಅಳಿಸಿ. ಅದು ಮೊದಲ ವಾರವೇ ಮುರಿಯುವ ಮಾತು. ‘ನಾಲ್ಕು ಜನರ ಮುಂದೆ ನಿನ್ನನ್ನು ಹಗುರ ಮಾಡಿ ಮಾತಾಡುವುದಿಲ್ಲ’ ಎನ್ನಬಹುದು. ಹಳೆಯ ಗೆಳೆಯ ಗೆಳತಿಯರ ಪ್ರಸ್ತಾಪ, ಇಬ್ಬರಿಗೆ ಮಾತ್ರ ಅರ್ಥವಾಗುವ ಅಡ್ಡಹೆಸರು, ಸಿನಿಮಾ ಹಾಡಿನ ಸಾಲು ಎಲ್ಲವೂ ಹೋಗಲಿ. ಬೇರೆಯವರು ಬರೆದ ಪ್ರತಿಜ್ಞೆಯ ನಕಲು ಖಂಡಿತ ಬೇಡ. ಈ ಲೇಖನದ ಮಾದರಿಯನ್ನೂ ನಕಲು ಮಾಡಬೇಡಿ. ಅದರ ಕಟ್ಟು ಹೇಗಿದೆ ಎಂದು ನೋಡಿ, ಅಷ್ಟೇ.

ನೂರೈವತ್ತು ಪದ ಸಾಕು. ಕನ್ನಡವನ್ನು ನಿಧಾನವಾಗಿ ಓದಿದರೆ ನಿಮಿಷಕ್ಕೆ ಹೆಚ್ಚುಕಡಿಮೆ 80ರಿಂದ 100 ಪದ ಬರುತ್ತದೆ, ಗಂಟಲು ಕಟ್ಟಿದರೆ ಇನ್ನೂ ನಿಧಾನ. ರಿಜಿಸ್ಟ್ರಾರ್ ಕಚೇರಿಯಲ್ಲಿ ನಿಮ್ಮ ಹಿಂದೆ ಬೇರೆ ಜೋಡಿಗಳು, ಸೈಟು ನೋಂದಣಿಗೆ ಬಂದವರು ಕಾಯುತ್ತಿರುತ್ತಾರೆ.

ಮದುಮಗಳೊಬ್ಬಳು ಮೊದಲ ದಿನಕ್ಕೆ ಬರೆದದ್ದು ಎಂದಿಟ್ಟುಕೊಂಡು ಒಂದು ಮಾದರಿ:

‘ನೀನು ಸುಮ್ಮನಾದರೆ ನಿನಗೆ ಕೋಪ ಬಂದಿದೆ ಅಂತ ಮೊದಮೊದಲು ಅಂದುಕೊಳ್ಳುತ್ತಿದ್ದೆ. ಅದು ದಣಿವು ಅಂತ ತಿಳಿಯುವುದಕ್ಕೆ ತುಂಬಾ ದಿನ ಬೇಕಾಯಿತು. ಇನ್ನು ಮೇಲೆ ನೀನು ಸುಮ್ಮನಾದಾಗ ಊಹೆ ಮಾಡಿಕೊಳ್ಳುವುದಿಲ್ಲ, ಕೇಳುತ್ತೇನೆ.

ನನ್ನ ಸಂಬಳ, ನನ್ನ ಸಾಲ ಎರಡನ್ನೂ ನಿನ್ನಿಂದ ಮುಚ್ಚಿಡುವುದಿಲ್ಲ. ತಮ್ಮನ ಕಾಲೇಜು ಮುಗಿಯುವ ತನಕ ಅವನ ಫೀಸು ನಾನು ಕಟ್ಟಬೇಕು. ಕೇಳಿದ ತಕ್ಷಣ ನೀನು ಹೂಂ ಅಂದೆ. ಅದು ನನಗೆ ನೆನಪಿರುತ್ತದೆ.

ನಿನ್ನ ಅಮ್ಮ ನನ್ನನ್ನು ಇನ್ನೂ ಮಾತಾಡಿಸಿಲ್ಲ. ಮಾತಾಡಿಸುವವರೆಗೂ, ಆಮೇಲೂ, ಅವರ ಬಗ್ಗೆ ನಿನ್ನ ಹತ್ತಿರ ಕೆಟ್ಟದಾಗಿ ಮಾತಾಡುವುದಿಲ್ಲ. ಅವರನ್ನು ನೋಡಲು ನೀನು ಒಬ್ಬನೇ ಹೋಗಬೇಕಾಗಿ ಬಂದರೆ ನಾನು ಮುಖ ಸಣ್ಣ ಮಾಡುವುದಿಲ್ಲ.

ಎಷ್ಟೇ ಜಗಳವಾದರೂ ಬಿಟ್ಟುಹೋಗುತ್ತೇನೆ ಎನ್ನುವ ಮಾತನ್ನು ಆಯುಧ ಮಾಡಿಕೊಳ್ಳುವುದಿಲ್ಲ.

ಯಾರೂ ಹೇಳಿಕೊಟ್ಟದ್ದಲ್ಲ, ಯಾರ ಒತ್ತಾಯವೂ ಅಲ್ಲ. ನಾನು (ನನ್ನ ಹೆಸರು), ನಿನ್ನನ್ನು (ನಿನ್ನ ಹೆಸರು) ನನ್ನ ಕಾನೂನುಬದ್ಧ ಪತಿಯಾಗಿ ಸ್ವೀಕರಿಸುತ್ತೇನೆ.’

ಮೂರನೇ ಪ್ಯಾರಾ ನೋಡಿ. ಅತ್ತೆಯ ವಿಷಯ ಇಷ್ಟು ನೇರವಾಗಿ ಹೇಳಲು ಸಾಧ್ಯವಾದದ್ದು ಕೇಳುವವರು ಬೆರಳೆಣಿಕೆಯ ಮಂದಿ ಎಂಬ ಕಾರಣಕ್ಕೆ. ಏಕಾಂತದ ಮದುವೆ ಕೊಡುವ ದೊಡ್ಡ ಅನುಕೂಲ ಇದು. ಹಾಗಾಗಿ ಸಾಕ್ಷಿಗಳನ್ನು ಆರಿಸುವಾಗಲೂ ಯಾರಿಗೆ ಬಿಡುವಿದೆ ಎಂದು ನೋಡಬೇಡಿ, ಯಾರ ಮುಂದೆ ಇದನ್ನು ಓದಬಲ್ಲಿರಿ ಎಂದು ನೋಡಿ.

ನಾಲ್ಕನೇ ಹೆಜ್ಜೆ: ಕಚೇರಿಯಲ್ಲಿ ಜಾಗ ಮಾಡಿಕೊಳ್ಳುವುದು

ದಾಖಲೆ ಪರಿಶೀಲನೆಗೆ ಹೋದ ದಿನವೇ ಅಧಿಕಾರಿಯನ್ನು ಕೇಳಿ: ಸಹಿಗೆ ಮೊದಲು ಇಬ್ಬರೂ ಎರಡೆರಡು ನಿಮಿಷ ಒಂದು ಬರಹ ಓದಬಹುದೇ? ‘ನಾವು ಆಯ್ಕೆ ಮಾಡಿಕೊಂಡ ರೀತಿ’ಗೆ ಕಾಯ್ದೆಯಲ್ಲೇ ಅವಕಾಶ ಇದೆ, ವಿನಯವಾಗಿ ಕೇಳಿದರೆ ಸಾಮಾನ್ಯವಾಗಿ ಬೇಡ ಎನ್ನಲು ಕಾರಣ ಇರುವುದಿಲ್ಲ. ಹೆಚ್ಚುವರಿ ಶುಲ್ಕ ಕಟ್ಟಿ, ಕಚೇರಿಯಿಂದ ಹೆಚ್ಚು ದೂರವಿಲ್ಲದ ಬೇರೆ ಸ್ಥಳದಲ್ಲಿ ಮದುವೆ ನಡೆಸಿಕೊಳ್ಳುವುದಕ್ಕೂ ಕಾಯ್ದೆ ದಾರಿ ಬಿಟ್ಟಿದೆ. ಸಮಯ ಇಲ್ಲ ಎಂದರೆ ಜಗ್ಗಾಡಬೇಡಿ. ಕಾನೂನಿನ ಆ ಒಂದು ವಾಕ್ಯವನ್ನು ಒಳಗೆ ಮುಖ ನೋಡಿಕೊಂಡು ಸ್ಪಷ್ಟವಾಗಿ ಹೇಳಿ, ಉಳಿದದ್ದನ್ನು ಅದೇ ದಿನ, ಅದೇ ಮೂವರ ಮುಂದೆ ಬೇರೆ ಕಡೆ ಓದಿ. ಹತ್ತಿರದ ಪಾರ್ಕು, ಕೆರೆ ಏರಿ, ಗೆಳೆಯರ ಮನೆಯ ತಾರಸಿ ಎಲ್ಲವೂ ಆದೀತು. ಮರುದಿನಕ್ಕೆ ಮಾತ್ರ ಮುಂದೂಡಬೇಡಿ.

ವಿದೇಶದಲ್ಲಿರುವ ಕನ್ನಡಿಗರಿಗೆ ಎರಡು ಮಾತು. ಇಂಗ್ಲೆಂಡ್ ಮತ್ತು ವೇಲ್ಸ್‌ನ ರಿಜಿಸ್ಟರ್ ಕಚೇರಿಯ ಮದುವೆಯಲ್ಲಿ ಕಾನೂನು ಗೊತ್ತುಮಾಡಿದ ಮಾತುಗಳನ್ನು ಹೇಳಲೇಬೇಕು, ಧಾರ್ಮಿಕ ವಿಧಿ ಅಲ್ಲಿ ನಡೆಯುವಂತಿಲ್ಲ. ಆದ್ದರಿಂದ ಮಂತ್ರ ಶ್ಲೋಕಗಳನ್ನು ಆರತಕ್ಷತೆಗೆ ಇಟ್ಟುಕೊಂಡು, ನಿಮ್ಮ ಬರಹವನ್ನು ಮೊದಲೇ ರಿಜಿಸ್ಟ್ರಾರ್‌ಗೆ ತೋರಿಸಿ. ಅಮೆರಿಕದಲ್ಲಿ ರಾಜ್ಯಕ್ಕೊಂದು ನಿಯಮ. ಕೊಲೊರಾಡೋದಲ್ಲಿ ಅಧಿಕಾರಿಯೇ ಇಲ್ಲದೆ ಇಬ್ಬರೇ ತಮ್ಮ ಮದುವೆ ನಡೆಸಿಕೊಳ್ಳಬಹುದು. ಪೆನ್ಸಿಲ್ವೇನಿಯಾದಲ್ಲಿ ಕ್ವೇಕರ್ ಎಂಬ ಕ್ರೈಸ್ತ ಪಂಥದ ಸಂಪ್ರದಾಯದಿಂದ ಬಂದ, ಅಧಿಕಾರಿಯಿಲ್ಲದೆ ಮದುವೆಯಾಗುವ ವಿಶೇಷ ಲೈಸೆನ್ಸ್ ಇದೆ, ಇಬ್ಬರು ಸಾಕ್ಷಿಗಳು ಸಾಕು. ಅಂಥ ಕಡೆ ಬೆಟ್ಟದ ಮೇಲೆ ನಿಂತು ಅಚ್ಚಗನ್ನಡದಲ್ಲಿ ಪ್ರತಿಜ್ಞೆ ಓದಿದರೂ ತಡೆಯುವವರಿಲ್ಲ.

ಐದನೇ ಹೆಜ್ಜೆ: ಆರತಕ್ಷತೆಯ ಬರಹ

ಮದುವೆ ಆಗಿ ತಿಂಗಳುಗಳು ಕಳೆದಿವೆ. ಈಗ ಎದುರಿಗೆ ಮುನ್ನೂರೋ ಐನೂರೋ ಜನ. ಅವರಲ್ಲಿ ಕೆಲವರಿಗೆ ಸಂತೋಷ, ಕೆಲವರಿಗೆ ಕುತೂಹಲ. ‘ನಮ್ಮನ್ನು ಬಿಟ್ಟು ಮದುವೆ ಆದರಲ್ಲ’ ಎಂಬ ನೋವು ಹತ್ತಿರದವರಿಗೆ. ಈ ಬರಹ ಆ ಹತ್ತಿರದವರಿಗಾಗಿ.

ಕ್ರಿಯಾಪದ ಮೊದಲು ಬದಲಾಗಬೇಕು. ‘ಸ್ವೀಕರಿಸುತ್ತೇನೆ’ ಎನ್ನುವುದು ಈಗ ‘ಸ್ವೀಕರಿಸಿದ್ದೇನೆ’. ಆಗಿಹೋದ ಮದುವೆಯನ್ನು ವೇದಿಕೆ ಮೇಲೆ ಮತ್ತೆ ಆಗುತ್ತಿರುವಂತೆ ತೋರಿಸಬೇಡಿ. ಎಂದು, ಎಲ್ಲಿ, ಯಾರ ಎದುರು ಮದುವೆಯಾದಿರಿ ಎನ್ನುವುದನ್ನು ಮೊದಲ ವಾಕ್ಯದಲ್ಲೇ ನೇರವಾಗಿ ಹೇಳಿಬಿಡಿ. ಗುಸುಗುಸು ಅಲ್ಲಿಗೆ ನಿಲ್ಲುತ್ತದೆ. ಆಮೇಲೆ ಮೊದಲ ದಿನದ ಪ್ರತಿಜ್ಞೆಯಿಂದ ಒಂದನ್ನು, ಬರೀ ಒಂದನ್ನು, ಎತ್ತಿಕೊಳ್ಳಿ. ಉಳಿದವು ನಿಮ್ಮಿಬ್ಬರಲ್ಲೇ ಇರಲಿ. ಈ ತಿಂಗಳುಗಳಲ್ಲಿ ಅದನ್ನು ಹೇಗೆ ನಡೆಸಿಕೊಂಡು ಬಂದಿರಿ ಎಂದು ಒಂದು ಮಾತು ಸೇರಿಸಿ. ಹೊಸ ಮದುವೆಯ ವೇದಿಕೆಯಲ್ಲಿ ಯಾರಿಗೂ ಹೇಳಲಾಗದ ಮಾತು ಇದು, ನಿಮಗೆ ಮಾತ್ರ ಸಾಧ್ಯ. ಆಮೇಲೆ ಎರಡೂ ಮನೆಯವರಿಂದ ಏನು ಕಲಿತಿರಿ ಎನ್ನುವುದು. ಕೊನೆಗೆ ಅವರಿಗೂ ಒಂದು ಮಾತು ಕೊಡಿ.

ಅದೇ ಮದುಮಗಳು, ಎಂಟು ತಿಂಗಳ ನಂತರ:

‘ಫೆಬ್ರವರಿಯಲ್ಲಿ, ಬೆಂಗಳೂರಿನ ರಿಜಿಸ್ಟ್ರಾರ್ ಕಚೇರಿಯಲ್ಲಿ, ಮೂವರು ಸ್ನೇಹಿತರ ಎದುರು ನಾವು ಮದುವೆಯಾದೆವು. ಆವತ್ತು ಇವರಿಗೆ ಕೊಟ್ಟ ಮಾತುಗಳಲ್ಲಿ ಒಂದನ್ನು ನಿಮ್ಮೆಲ್ಲರ ಮುಂದೆ ಮತ್ತೆ ಹೇಳುತ್ತೇನೆ. ಇವರು ಸುಮ್ಮನಾದಾಗ ನಾನು ಊಹೆ ಮಾಡಿಕೊಳ್ಳುವುದಿಲ್ಲ, ಕೇಳುತ್ತೇನೆ. ಇಷ್ಟು ದಿನ ಕೇಳಿದ್ದೇನೆ. ಇವರೂ ಉತ್ತರ ಹೇಳಿದ್ದಾರೆ.

ನಮ್ಮ ಅಪ್ಪ ಅಮ್ಮ ಎಷ್ಟೇ ಕಷ್ಟ ಇದ್ದಾಗಲೂ ಇನ್ನೊಬ್ಬರ ಊಟ ಆಯಿತಾ ಅಂತ ಕೇಳದೆ ಕೈ ತೊಳೆದವರಲ್ಲ. ಇವರ ಮನೆಯಲ್ಲಿ ಕೆಲಸಕ್ಕೆ ಬಂದವರಿಗೂ ಮನೆಯವರಿಗೂ ಒಂದೇ ಪಾತ್ರೆಯ ಕಾಫಿ. ಈ ಎರಡೂ ನಮ್ಮ ಮನೆಯಲ್ಲಿ ಮುಂದುವರಿಯುತ್ತವೆ.

ಆವತ್ತು ನೀವು ನಮ್ಮ ಪಕ್ಕದಲ್ಲಿ ಇರಲಿಲ್ಲ. ಇವತ್ತು ಬಂದಿದ್ದೀರಿ. ಇನ್ನು ಆಸ್ಪತ್ರೆಗೋ ಪರೀಕ್ಷೆಗೋ ಇಂಟರ್‌ವ್ಯೂಗೋ ಬೆಂಗಳೂರಿಗೆ ಯಾರೇ ಬಂದರೂ ಲಾಡ್ಜ್ ಹುಡುಕಬೇಡಿ. ನಮ್ಮ ಮನೆಯಲ್ಲಿ ಒಂದು ಹಾಸಿಗೆ ನಿಮ್ಮದು.’

ಸಂಬಳ, ಸಾಲ, ತಮ್ಮನ ಫೀಸು, ಅತ್ತೆಯ ಮೌನ ಇಲ್ಲಿ ಯಾವುದೂ ಬಂದಿಲ್ಲ. ಆ ಮಾತುಗಳು ಸುಳ್ಳಾಗಿವೆ ಎಂದಲ್ಲ. ಅವುಗಳ ಯಜಮಾನರು ಅವರಿಬ್ಬರೇ. ಕೊನೆಯ ಮಾತು ಕೂಡ ಪಾಲಿಸಲಾಗುವಂಥದ್ದೇ ಎಂಬುದನ್ನು ಗಮನಿಸಿ. ಹಾಸಿಗೆ ಕೊಡಲು ಮನಸ್ಸಿಲ್ಲದವರು ಆ ಸಾಲು ಬರೆಯಬಾರದು.

ಹೆತ್ತವರ ನೋವು

ವೇದಿಕೆಯಲ್ಲಿ ಕ್ಷಮೆ ಕೇಳಬೇಡಿ. ಇದನ್ನು ಒತ್ತಿ ಹೇಳುತ್ತೇನೆ. ಐನೂರು ಜನರ ಎದುರು ಮಗಳು ‘ನಿಮಗೆ ಹೇಳದೆ ಮದುವೆಯಾದೆ, ಕ್ಷಮಿಸಿ’ ಎಂದರೆ ಅಪ್ಪನಿಗೆ ಕ್ಷಮಿಸದೆ ಬೇರೆ ದಾರಿಯೇ ಇರುವುದಿಲ್ಲ. ಅದು ಕ್ಷಮೆ ಕೇಳುವುದಲ್ಲ, ಕ್ಷಮೆಯನ್ನು ಕಿತ್ತುಕೊಳ್ಳುವುದು. ಕೇಳಬೇಕು ಅನಿಸಿದರೆ ಮನೆಯಲ್ಲಿ, ಅವರಿಗೆ ಬೈಯಲು, ಅಳಲು, ಎದ್ದುಹೋಗಲು ಅವಕಾಶ ಇರುವ ಕಡೆ ಕೇಳಿ. ‘ಎಲ್ಲರ ವಿರೋಧದ ನಡುವೆಯೂ’ ಎನ್ನುವಂಥ ಸಾಲೂ ಬೇಡ. ವಿರೋಧಿಸಿದವರಲ್ಲಿ ಕೆಲವರು ಆವತ್ತು ಬಂದು ಮುಂದಿನ ಸಾಲಿನಲ್ಲಿ ಕೂತಿದ್ದಾರೆ. ಬರುವುದು ಅವರಿಗೆ ಸುಲಭವಾಗಿರಲಿಲ್ಲ.

ಆರತಕ್ಷತೆಯ ಬರಹವನ್ನು ವಾರ ಮುಂಚೆ ಹೆತ್ತವರಿಗೆ ಓದಿ ಹೇಳಿ. ಅವರ ಬಗ್ಗೆ ನೀವು ಬರೆದಿರುವುದನ್ನು ಮೈಕಿನಲ್ಲಿ ಮೊದಲ ಸಲ ಕೇಳುವಂತಾಗಬಾರದು. ತೆಗೆಯಿರಿ ಎಂದರೆ ತೆಗೆಯಿರಿ. ಮೊದಲ ದಿನದ ಬರಹಕ್ಕೆ ಈ ಹಕ್ಕು ಯಾರಿಗೂ ಇಲ್ಲ, ಅದನ್ನು ತೋರಿಸಬೇಕಾಗಿಯೂ ಇಲ್ಲ. ಹೆತ್ತವರು ಬರುವುದೇ ಇಲ್ಲ ಎಂದಾದರೆ ಅವರ ಗೈರುಹಾಜರಿಯನ್ನು ಎತ್ತಿ ತೋರಿಸದೆ, ಬಂದವರಲ್ಲಿ ನಿಮಗೆ ಹೆತ್ತವರಷ್ಟೇ ಆದವರನ್ನು ನೆನೆಯಿರಿ. ಓದಿಸಿದ ಮೇಷ್ಟ್ರು, ಹಾಸ್ಟೆಲಿನ ಗೆಳತಿ, ಸೋದರತ್ತೆ ಹೀಗೆ ಯಾರಾದರೂ ಇದ್ದೇ ಇರುತ್ತಾರೆ.

ಆರನೇ ಹೆಜ್ಜೆ: ಮೈಕು, ಕ್ಯೂ, ಫೋಟೋಗ್ರಾಫರ್

ನಮ್ಮ ಕಲ್ಯಾಣ ಮಂಟಪದ ಆರತಕ್ಷತೆಯ ನಡೆ ಎಲ್ಲರಿಗೂ ಗೊತ್ತು. ಏಳು ಗಂಟೆಗೆ ವೇದಿಕೆ ಹತ್ತಿದರೆ ಹತ್ತರ ತನಕ ಕ್ಯೂ, ಕವರು, ಬೊಕೆ, ಫೋಟೋ. ಪಕ್ಕದಲ್ಲಿ ವಾದ್ಯಗೋಷ್ಠಿ, ಕೆಳಗೆ ಪಂಕ್ತಿ. ಇದರ ಮಧ್ಯೆ ಓದಲು ಹೊರಟರೆ ಯಾರೂ ಕೇಳಿಸಿಕೊಳ್ಳುವುದಿಲ್ಲ, ಕ್ಯೂನಲ್ಲಿ ನಿಂತವರಿಗೆ ಸಿಟ್ಟೂ ಬರುತ್ತದೆ. ಕ್ಯೂ ಶುರುವಾಗುವ ಮೊದಲೇ, ಊಟದ ಹಾಲಿನ ಬಾಗಿಲು ತೆರೆಯುವ ಮೊದಲೇ ಓದಿ ಮುಗಿಸಿ. ಹತ್ತಿರದವರಿಗೆ ಆಮಂತ್ರಣದ ಸಮಯಕ್ಕಿಂತ ಅರ್ಧ ಗಂಟೆ ಮುಂಚೆ ಬರಲು ಹೇಳಿ. ಎಲ್ಲರೂ ಕೇಳಲೇಬೇಕು ಎಂಬ ಆಸೆ ಬೇಡ, ಕೇಳಬೇಕಾದವರು ಕೇಳಿದರೆ ಆಯಿತು.

ಸೌಂಡ್ ಸಿಸ್ಟಮ್‌ನವರ ಹತ್ತಿರ ಮೈಕನ್ನು ಮೊದಲೇ ಪರೀಕ್ಷಿಸಿ. ಅದೇ ಮೈಕಿನಲ್ಲಿ, ಅದೇ ವೇದಿಕೆಯಲ್ಲಿ ಎರಡು ವಾಕ್ಯ ಓದಿ ನೋಡಿ. ವಾದ್ಯಗೋಷ್ಠಿಯವರಿಗೆ ಯಾವಾಗ ನಿಲ್ಲಿಸಬೇಕು, ಯಾವಾಗ ಶುರು ಮಾಡಬೇಕು ಎಂದು ಒಬ್ಬರು ಸನ್ನೆ ಮಾಡಲಿ. ಫೋಟೋಗ್ರಾಫರ್‌ಗೆ ‘ಈ ಕಡೆ ನೋಡಿ’ ಎಂದು ಆ ಹೊತ್ತಿನಲ್ಲಿ ಕೂಗಬಾರದು ಎಂದು ತಿಳಿಸಿ. ವಾಟ್ಸಾಪ್ ನೋಡಿಕೊಂಡು ಓದಬೇಡಿ. ಮಧ್ಯೆ ಕರೆ ಬರುತ್ತದೆ, ಸ್ಕ್ರೀನ್ ಆರಿಹೋಗುತ್ತದೆ. ದಪ್ಪ ಕಾಗದದಲ್ಲಿ ದೊಡ್ಡ ಅಕ್ಷರದಲ್ಲಿ ಅಚ್ಚು ಹಾಕಿಸಿ, ಉಸಿರು ತೆಗೆದುಕೊಳ್ಳುವ ಕಡೆ ಸಾಲು ಮುರಿಯಿರಿ.

ಗಂಟಲು ಕಟ್ಟಿದರೆ ನಿಲ್ಲಿ, ನೀರು ಕುಡಿಯಿರಿ, ಮುಂದುವರಿಸಿ. ಓದಲು ಆಗಲೇ ಇಲ್ಲ ಎಂದರೆ ಸಂಗಾತಿ ಆ ಕಾಗದ ತೆಗೆದುಕೊಂಡು ಉಳಿದದ್ದನ್ನು ಓದಲಿ ಎಂದು ಮೊದಲೇ ಮಾತಾಡಿಕೊಂಡಿರಿ. ಇದಕ್ಕಾಗಿಯೇ ಇಬ್ಬರ ಬಳಿಯೂ ಎರಡೂ ಬರಹದ ಪ್ರತಿ ಇರಬೇಕು.

ಕಾರ್ಯಕ್ರಮಕ್ಕೆ ಬರಲಾಗದ ಅಜ್ಜಿ, ತಾತ ಇದ್ದರೆ ಆರತಕ್ಷತೆಯ ಬರಹವನ್ನು ಇಬ್ಬರೂ ನಿಮ್ಮದೇ ದನಿಯಲ್ಲಿ ರೆಕಾರ್ಡ್ ಮಾಡಿ ಕಳಿಸಿ. ಅವರ ಕಿವಿ ಮಂದವಾಗಿದ್ದರೆ ಊರಿಗೆ ಹೋದಾಗ ಪಕ್ಕದಲ್ಲಿ ಕೂತು ಓದಿ ಹೇಳಿ. ಮೊದಲ ದಿನದ ಎರಡು ಹಾಳೆಗಳನ್ನು ಮ್ಯಾರೇಜ್ ಸರ್ಟಿಫಿಕೇಟ್ ಇಡುವ ಫೈಲಿನಲ್ಲೇ ಇಡಿ. ಪಾಸ್‌ಪೋರ್ಟಿಗೋ ಬ್ಯಾಂಕಿಗೋ ಆ ಫೈಲು ತೆಗೆಯಲೇಬೇಕಾಗುತ್ತದೆ, ಆಗೆಲ್ಲ ಹಾಳೆಯೂ ಕೈಗೆ ಸಿಗುತ್ತದೆ.